ಮೊಟಕಾಗದ ಹೆಸರು

ಮೊದಲೇ ಹೇಳಿಬಿಡುವುದು ಒಳ್ಳೆಯದು. ಈ ಕಥೆಯಲ್ಲಿ ಪಟೇಲನಿಗೆ ಬಹುವಚನವಿಲ್ಲ. ಬದುಕಿದ್ದಷ್ಟು ಕಾಲ ಊರವರ ಬಾಯಿಂದ ಅದನ್ನು ಬಾಚಿ ಬಾಚಿ ತಿಂದಿದ್ದಾನೆ. ಇನ್ನು ಸಾಕು.

ಅವನ ಹೆಸರು ವೆಂಕಟರಾಯಪ್ಪ. ಒಂದೇ ಹೆಸರಿನೊಳಗೆ ತಿರುಪತಿಯ ದೇವರು, ಗದ್ದುಗೆಯ ರಾಯ, ಹೆತ್ತ ಅಪ್ಪ, ಮೂವರೂ ಕೂತಿದ್ದಾರೆ. ನಲ್ಲೂರಿನ ಹುಣಸೆ ತೋಪಿಗೆ ಒಂದು ಹರದಾರಿ ಆಚೆಗಿನ ಆ ಊರಿನಲ್ಲಿ ಗಂಡಸರ ಹೆಸರೆಂದರೆ ಹಾಗೆಯೇ. ಮುಂದೆ ಏನಾದರೂ ಇರಲಿ, ಹಿಂದೆ ಒಬ್ಬ ಅಪ್ಪನೋ ಅಯ್ಯನೋ ಅಣ್ಣನೋ ಇರಲೇಬೇಕು. ಅಪ್ಪನೆಂದರೆ ಹೆತ್ತವನು, ಅಯ್ಯನೆಂದರೆ ಒಡೆಯ, ಅಣ್ಣನೆಂದರೆ ಹಿರಿಯ. ತೊಟ್ಟಿಲಲ್ಲಿ ಉಚ್ಚೆ ಹೊಯ್ದುಕೊಂಡು ಮಲಗಿದ ಕೂಸಿಗೂ ಊರು ಆ ಮರ್ಯಾದೆ ಕೊಡುತ್ತಿತ್ತು.

ಕೇರಿಯ ಕೂಸಿಗೆ ಮಾತ್ರ ಕೊಡುತ್ತಿರಲಿಲ್ಲ. ಕೇರಿಯವರೂ ಆಸೆಪಟ್ಟು ಮಕ್ಕಳಿಗೆ ಉದ್ದನೆಯ ಹೆಸರನ್ನೇ ಇಡುತ್ತಿದ್ದರು. ಆದರೆ ಕೂಸು ಹುಟ್ಟಿದ ಮೇಲೆ ತಾಯಿ ಅದನ್ನು ಮೊರದಲ್ಲಿ ಮಲಗಿಸಿಕೊಂಡು ಪಟೇಲನ ಅಂಗಳದ ಅಂಚಿಗೆ ಬರಬೇಕು, ಹೆಸರು ಒಪ್ಪಿಸಬೇಕು. ಅಜ್ಜನ ಕಾಲದಿಂದ ಬಂದ ಪದ್ಧತಿಯಂತೆ. ಯಾರ ಅಜ್ಜನ ಕಾಲದಿಂದ ಎಂದು ಯಾರೂ ಕೇಳಲಿಲ್ಲ. ಪಟೇಲ ಜಗುಲಿಯ ಮೇಲೆ ಕೂತು ಎಲೆಗೆ ಸುಣ್ಣ ಹಚ್ಚುತ್ತಾ ‘ಏನಿಟ್ಟೆ?’ ಎನ್ನುವನು.

‘ಮುನಿವೆಂಕಟಪ್ಪ, ಬುದ್ಧಿ.’

‘ಅಷ್ಟುದ್ದ ಯಾಕೆ? ಮುನಿಗ ಸಾಕು.’

‘ನಂಜುಂಡಪ್ಪ, ಬುದ್ಧಿ.’

‘ನಂಜ ಸಾಕು.’

ಹಳೇ ಬಟ್ಟೆಯ ಒಂದು ತುಂಡು ಮೊರಕ್ಕೆ ಬೀಳುವುದು. ತಾಯಿ ಅಡ್ಡಬಿದ್ದು ಎದ್ದು ಹೋಗುವಳು. ಬರುವಾಗ ಅಪ್ಪನಾಗಿದ್ದ ಕೂಸು ಹೋಗುವಾಗ ಮೊಂಡಾಗಿರುತ್ತಿತ್ತು. ಆ ಮೊಂಡು ಹೆಸರು ಸಾಯುವವರೆಗೂ ಅಂಟಿಕೊಂಡಿರುತ್ತಿತ್ತು. ತಲೆ ನರೆತ ಮುದುಕನನ್ನು ಪಟೇಲನ ಮನೆಯ ಹೈಕಳು, ಸಿಂಬಳ ಒರೆಸಿಕೊಳ್ಳಲು ಬಾರದವು, ‘ಲೇ ನಂಜಾ, ಎತ್ತು ಹಿಡ್ಕೊಂಡು ಬಾರ್ಲಾ’ ಎನ್ನುತ್ತಿದ್ದವು. ಮುದುಕ ‘ಬಂದೆ ಬುದ್ಧಿ’ ಎಂದು ಓಡಿಬರುತ್ತಿದ್ದ. ಥೂ! ಇದನ್ನು ಹೇಳುವುದಕ್ಕೇ ನಾಲಿಗೆ ಕಹಿಯಾಗುತ್ತದೆ.

ಸೊಣ್ಣಮ್ಮ ಆ ಕೇರಿಯವಳು. ಪಟೇಲನ ಕೊಟ್ಟಿಗೆ ಬಾಚುವವಳು. ಅವಳ ಗಂಡ ರಾಮಾಂಜಿನಪ್ಪ. ಪಟೇಲನ ಬಾಯಲ್ಲಿ ಅವನು ಅಂಜ. ‘ಅಂಜ ಅಂದ್ಮೇಲೆ ಅಂಜ್ಕೊಂಡಿರ್ಬೇಕು ಕಣ್ಲಾ’ ಎಂದು ಪಟೇಲ ತಾನೇ ಹೇಳಿ ತಾನೇ ನಗುತ್ತಿದ್ದ. ರಾಮ ಹೋದ, ಆಂಜನೇಯ ಹೋದ, ಅಪ್ಪನೂ ಹೋದ. ಉಳಿದದ್ದು ಅಂಜಿಕೆ ಒಂದೇ.

ಸೊಣ್ಣಮ್ಮನೂ ಅವನ ಹೆಸರು ಹೇಳುತ್ತಿರಲಿಲ್ಲ. ಗಂಡನ ಹೆಸರು ಹೇಳಿದರೆ ಅವನ ಆಯಸ್ಸು ಕುಗ್ಗುತ್ತದೆ ಎನ್ನುತ್ತಾರಲ್ಲ. ಊರಿಗೂ ಕೇರಿಗೂ ಬಾವಿ ಬೇರೆ, ಗುಡಿ ಬೇರೆ, ಸುಡುಗಾಡು ಬೇರೆ. ಈ ನಂಬಿಕೆ ಮಾತ್ರ ಒಂದೇ. ಹೆತ್ತವರು ಎಂದೋ ಸತ್ತಿದ್ದರು. ಹೀಗಾಗಿ ಅವನ ಪೂರ್ತಿ ಹೆಸರನ್ನು ಕರೆಯುವ ಬಾಯಿ ಈ ಭೂಮಿಯ ಮೇಲೆ ಒಂದೂ ಇರಲಿಲ್ಲ.

ಶಿವರಾತ್ರಿ ಕಳೆದಿತ್ತು. ಹುಣಸೆ ಬಡಿಯುವ ಕಾಲ. ಮರ ಹತ್ತಿ ಬಡಿಯುವುದು ಕೇರಿಯವರ ಪಾಲು, ನೆರಳಲ್ಲಿ ನಿಂತು ತೋರಿಸುವುದು ಪಟೇಲನ ಪಾಲು. ‘ಆ ತುದೀಲಿ ಬಿಟ್ಬಿಟ್ಟಲ್ಲೋ, ಯಾರಿಗೆ ಬಿಟ್ಟೆ?’ ಎಂದು ಅವನು ಕೆಳಗಿನಿಂದ ಕೂಗಿದ. ರಾಮಾಂಜಿನಪ್ಪ ತುದಿಗೆ ಹೋದ. ರೆಂಬೆ ಒಣಗಿತ್ತು. ಅವನು ಬೆನ್ನು ಕೆಳಗಾಗಿ ಬಿದ್ದ. ಸೊಣ್ಣಮ್ಮ ಅಲ್ಲೇ ಹಣ್ಣು ಆಯುತ್ತಿದ್ದಳು. ಅವಳ ಹೊಟ್ಟೆ ಆಗಲೇ ಕಾಣುತ್ತಿತ್ತು.

‘ಲೇ ಅಂಜಾ, ಏಳ್ಲಾ, ನಾಟ್ಕ ಆಡ್ಬೇಡ’ ಎಂದ ಪಟೇಲ. ಅವನು ಏಳಲಿಲ್ಲ. ‘ಏಯ್ ಅಂಜಾ!’ ಎಂದ ಮತ್ತೆ. ಉಸಿರು ನಿಲ್ಲುವ ಮುಂಚೆ ಅವನ ಕಿವಿಗೆ ಬಿದ್ದ ಕೊನೆಯ ಮಾತು ಅದು.

ಸೊಣ್ಣಮ್ಮ ಅವನ ತಲೆಯನ್ನು ತೊಡೆಯ ಮೇಲೆ ಇಟ್ಟುಕೊಂಡಳು. ‘ರಾಮಾಂಜಿನಪ್ಪಾ’ ಎಂದಳು. ಮದುವೆಯಾದ ಮೇಲೆ ಮೊದಲ ಸಲ. ಇನ್ನು ಯಾವ ಆಯಸ್ಸು ಕುಗ್ಗಬೇಕಾಗಿತ್ತು? ಸುತ್ತ ನಿಂತ ಹೆಂಗಸರು ಬೆಚ್ಚಿಬಿದ್ದರು. ಅವಳಿಗೆ ಅಳು ಬರುವ ಮೊದಲು ಸಿಟ್ಟು ಬಂತು. ಆ ಸಿಟ್ಟು ಮತ್ತೆ ಇಳಿಯಲಿಲ್ಲ.

ತಿಥಿ ಮುಗಿದ ಮಾರನೆಯ ದಿನವೇ ಅವಳು ಪಟೇಲನ ಹಿತ್ತಿಲಲ್ಲಿ ಹುಣಸೆ ಬಿಡಿಸಲು ಕೂತಳು. ಕೂರದಿದ್ದರೆ ಹೊಟ್ಟೆಗೆ ಏನು? ಜರ್ಮನಿ ಯುದ್ಧದ ಕಾಲ, ರಾಗಿ ಸಿಗುವುದೇ ಕಷ್ಟ. ಹುಣಸೆ ಬಿಡಿಸುವುದೆಂದರೆ ಕೈ ಸುಡುವ ಕೆಲಸ. ಕೊಡತಿಯಲ್ಲಿ ಕುಟ್ಟಿ ಓಡು ಉದುರಿಸಬೇಕು, ನಾರು ಕೀಳಬೇಕು, ಬೀಜ ತೆಗೆಯಬೇಕು. ಉಗುರುಸಂದಿಗೆ ಹುಳಿ ಇಳಿಯುತ್ತದೆ. ಬೆರಳು ಬಿರಿಯುತ್ತದೆ. ಬಿರಿದ ಕಡೆ ಮತ್ತೆ ಹುಳಿ ಕೂರುತ್ತದೆ. ಸಂಜೆ ಮುದ್ದೆ ಮುರಿಯಲು ಹೋದರೆ ಬೆಂಕಿ ಮುಟ್ಟಿದ ಹಾಗಾಗುತ್ತದೆ. ಹಣ್ಣು ಪಟೇಲನಿಗೆ, ಬೀಜ ಬಿಡಿಸಿದವರಿಗೆ. ಬೀಜ ಹುರಿದು ನೆನೆಸಿ ತಿಂದರೆ ಹೊಟ್ಟೆಯೊಳಗೆ ಕಲ್ಲು ಬಿದ್ದ ಹಾಗೆ ಕೂತಿರುತ್ತದೆ, ಬೇಗ ಹಸಿವಾಗುವುದಿಲ್ಲ. ಅದೇ ಅದರ ಗುಣ.

ಯುಗಾದಿಯ ಹೊತ್ತಿಗೆ ದೊಡ್ಡಬಳ್ಳಾಪುರದ ಕಡೆಯ ಸಾಹುಕಾರನೊಬ್ಬ ಹಣ್ಣು ಕೊಳ್ಳಲು ಗಾಡಿ ಕಟ್ಟಿಕೊಂಡು ಬಂದ. ದಪ್ಪ ಮನುಷ್ಯ, ಬಾಯಿ ತುಂಬ ಮಾತು. ಪಟೇಲನಿಗೆ ಹಣ್ಣು ಸಾಗಿದರೆ ಸಾಕಾಗಿತ್ತು. ಬೆಣ್ಣೆ ಸವರಿದ್ದೇ ಸವರಿದ್ದು.

‘ಬಾ ಅಪ್ಪಯ್ಯಣ್ಣ, ಕೂತ್ಕೊ ಅಪ್ಪಯ್ಯಣ್ಣ. ಒಂದ್ಲೋಟ ಮಜ್ಜಿಗೆ ತಗೊ ಅಪ್ಪಯ್ಯಣ್ಣ.’ ಆಮೇಲೆ ನಕ್ಕು ಕೇಳಿದ: ‘ಅಲ್ಲಯ್ಯಾ, ಇದ್ಯಾವ ಸೀಮೆ ಹೆಸ್ರು ನಿಂದು? ಅಪ್ಪ, ಅಯ್ಯ, ಅಣ್ಣ, ಮೂರೂ ನೀನೇ ಬಾಚ್ಕೊಂಡ್ರೆ ನಮಗೇನಪ್ಪಾ ಮಿಕ್ತು?’

ಸಾಹುಕಾರ ಮಜ್ಜಿಗೆ ಕುಡಿದು ಮೀಸೆ ಒರೆಸಿಕೊಂಡ. ‘ಅದೊಂದು ಕಥೆ ಪಟೇಲ್ರೆ. ನಮ್ಮ ತಾತ ಸತ್ತ ವರ್ಷ ನಾನು ಹುಟ್ಟಿದ್ದು. ತಾತನ ಹೆಸ್ರೇ ಇಟ್ಟವ್ರೆ. ಇಟ್ಟಿದ್ದೇನೋ ಇಟ್ರು, ಕರೆಯೋರು ಯಾರು? ನಮ್ಮವ್ವ ಸೊಸೆ, ಮಾವನ ಹೆಸ್ರು ಹೆಂಗ್ ಹೇಳ್ತಾಳೆ? ಅಪ್ಪಾ ಅಂದ್ಲು. ಚಿಕ್ಕವ್ವನೂ ಸೊಸೆ, ಅಯ್ಯಾ ಅಂದ್ಲು. ಅಜ್ಜಿಗೋ ಕಟ್ಕೊಂಡ ಗಂಡನ ಹೆಸ್ರು, ಬಾಯೇ ಬಿಡಂಗಿಲ್ಲ! ಅಣ್ಣಾ ಅಂದ್ಲು. ಮೂರು ಹೆಂಗಸ್ರು ಸೇರಿ ನನ್ನ ಅಪ್ಪಯ್ಯಣ್ಣ ಮಾಡವ್ರೆ. ತಾತನ ಹೆಸ್ರು ಆವತ್ತಿಗೇ ಮುಗೀತು.’

ಇಬ್ಬರೂ ಹೊಟ್ಟೆ ಹಿಡಿದುಕೊಂಡು ನಕ್ಕರು. ದೂರದಲ್ಲಿ ಕೂತಿದ್ದ ಸೊಣ್ಣಮ್ಮನ ಕೈ ನಿಂತಿತು.

ಅವಳ ಕೈಯಲ್ಲೊಂದು ಹಣ್ಣಿತ್ತು. ಓಡು ತೆಗೆದಳು, ನಾರು ಕಿತ್ತಳು, ಬೀಜ ಬಿಡಿಸಿದಳು. ತೆಗೆಯುವುದೇ ಅವಳ ಕೆಲಸ, ಯಾವುದನ್ನು ಎಲ್ಲಿ ಹಿಡಿದರೆ ಬಿಡುತ್ತದೆಂದು ಅವಳಿಗೆ ಗೊತ್ತು. ಆ ಹೆಸರನ್ನೂ ಹಾಗೇ ಹಿಡಿದು ನೋಡಿದಳು. ಹಿಂದಿನ ಅಣ್ಣನನ್ನು ಕಿತ್ತರೆ ಅಪ್ಪಯ್ಯ ಉಳಿಯುತ್ತಾನೆ. ಅಯ್ಯನನ್ನೂ ಕಿತ್ತರೆ ಅಪ್ಪ ಉಳಿಯುತ್ತಾನೆ. ಮುಂದಿನಿಂದ ಕಿತ್ತರೆ ಅಯ್ಯಣ್ಣ, ಇನ್ನೂ ಕಿತ್ತರೆ ಅಣ್ಣ. ಎಲ್ಲಿ ಕಡಿದರೂ ಕಡಿದವನ ಬಾಯಿಗೆ ಮರ್ಯಾದೆಯೇ ಬರುತ್ತದೆ. ಈ ಹೆಸರಲ್ಲಿ ಬಿಸಾಡುವುದೇ ಇಲ್ಲ!

ಅವಳು ನಕ್ಕಳು. ಗಂಡ ಸತ್ತ ಮೇಲೆ ಮೊದಲ ಸಲ ನಕ್ಕದ್ದು. ಪಕ್ಕದಲ್ಲಿದ್ದವಳು ‘ಯಾಕಮ್ಮಿ, ಮೈಮೇಲೆ ಬಂತಾ?’ ಎಂದಳು.

ಶ್ರಾವಣದಲ್ಲಿ ಸೊಣ್ಣಮ್ಮನಿಗೆ ಗಂಡು ಕೂಸು ಹುಟ್ಟಿತು. ಹೆರಿಗೆ ಮಾಡಿಸಿದವಳು ಕೇರಿಯ ಸೂಲಗಿತ್ತಿ ಕದಿರಮ್ಮ. ಊರಿನ ಕೂಸುಗಳನ್ನೂ ಅವಳೇ ಹಿಡಿದವಳು. ಹಿಡಿಯುವಾಗ ಮೈಲಿಗೆಯಿಲ್ಲ, ಹಿಡಿದು ಕೊಟ್ಟ ಮೇಲೆ ಮೈಲಿಗೆ. ಕದಿರಮ್ಮ ಕೂಸನ್ನು ತೊಳೆದು ಬಟ್ಟೆಯಲ್ಲಿ ಸುತ್ತಿದಳು.

‘ಎರಡು ಕೂಸು ಮಣ್ಣು ಮಾಡಿದೀಯ ಕಣಮ್ಮಿ. ಇದನ್ನಾದ್ರೂ ತಿಪ್ಪೆ ಮೇಲೆ ಹೊಳ್ಳಿಸಿ ತಿಪ್ಪಯ್ಯ ಅನ್ನು. ಸಾವು ಅಸಹ್ಯ ಪಟ್ಕೊಂಡು ಮುಂದಿನ ಮನೆಗೆ ಹೋಯ್ತದೆ.’

ಕೂಸುಗಳು ನಿಲ್ಲದ ಮನೆಯಲ್ಲಿ ಹಾಗೆ ಮಾಡುತ್ತಾರೆ. ಊರಿನಲ್ಲೂ ಮಾಡುತ್ತಾರೆ. ಹೆತ್ತವಳು ತಿಪ್ಪ ಎಂದರೆ ಅದು ಸಾವಿನ ಕಣ್ಣಿಗೆ ಹಾಕುವ ಮಣ್ಣು. ಬೈಗುಳವಲ್ಲ, ಮುದ್ದು. ಸೊಣ್ಣಮ್ಮನಿಗೂ ಅದು ಗೊತ್ತಿತ್ತು.

‘ಸಾವು ನನ್ ಮನೆಗೆ ಹೆಸ್ರು ವಿಚಾರಿಸ್ಕೊಂಡು ಬರ್ಲಿಲ್ಲ ಕಣಜ್ಜಿ. ಪಟೇಲನ ಮರದಿಂದ ಬಂತು. ನನ್ ಮಗ ಅಪ್ಪಯ್ಯಣ್ಣ.’

ಕದಿರಮ್ಮ ಬಾಯಿ ಬಿಟ್ಟಳು. ‘ಏನಂದೆ? ನಿನ್ ಬಾಯಿಗೆ ಬೂದಿ ಬೀಳ! ಚರ್ಮ ಸುಲೀತಾರೆ!’ ಎಂದಳು. ಆಮೇಲೆ ತಾನೂ ಆ ಹೆಸರನ್ನು ಬಾಯಲ್ಲಿ ಹೊರಳಿಸಿ ನೋಡಿದಳು. ಅಪ್ಪ. ಅಯ್ಯ. ಅಣ್ಣ. ಎಲ್ಲಿಯೂ ಕಡಿಯುವ ಜಾಗ ಸಿಗಲಿಲ್ಲ. ಮುದುಕಿ ಕೆಮ್ಮು ಬರುವವರೆಗೆ ನಕ್ಕಳು. ನಕ್ಕು ಮುಗಿಸಿ ಕೂಸಿನ ಕಿವಿಯಲ್ಲಿ ಮೂರು ಸಲ ಆ ಹೆಸರು ಕೂಗಿದಳು, ನಾಲಿಗೆಗೆ ಬೆಲ್ಲದ ನೀರು ಸವರಿದಳು. ‘ಮೊರ ಎತ್ಕೊಂಡು ಹೋದಾಗ ನನ್ ಹೆಸ್ರು ಮಾತ್ರ ಹೇಳ್ಬೇಡ ನನ್ನವ್ವಾ’ ಎಂದೂ ಹೇಳಿದಳು.

ಬಾಣಂತನ ಮುಗಿಯಲು ಪಟೇಲ ಬಿಡಲಿಲ್ಲ. ಕೊಟ್ಟಿಗೆಯಲ್ಲಿ ಸಗಣಿ ಬಿದ್ದಿತ್ತಲ್ಲ. ಸೊಣ್ಣಮ್ಮ ಕೂಸನ್ನು ಮೊರದಲ್ಲಿ ಮಲಗಿಸಿಕೊಂಡು ಅಂಗಳದ ಅಂಚಿಗೆ ಬಂದು ನಿಂತಳು. ಹೆತ್ತ ನಿತ್ರಾಣ ಸ್ವಲ್ಪ, ಹೆದರಿಕೆ ಸ್ವಲ್ಪ. ಹೆದರಿಕೆ ಇರಲಿಲ್ಲ ಎಂದರೆ ಸುಳ್ಳಾದೀತು.

‘ಏನಿಟ್ಟೆ?’ ಎಂದ ಪಟೇಲ, ತಲೆ ಎತ್ತದೆ.

‘ಅಪ್ಪಯ್ಯಣ್ಣ, ಬುದ್ಧಿ.’

ಪಟೇಲನ ನಾಲಿಗೆಗೆ ರೂಢಿ. ‘ಅಷ್ಟುದ್ದ ಯಾಕೆ? ಅಪ್ಪಯ್ಯ ಸಾ...’ ಎಂದು ನಿಂತುಬಿಟ್ಟ. ಎಲೆ ಕೈಯಲ್ಲೇ ಉಳಿಯಿತು. ಹಿಂದಕ್ಕೆ ಹೋಗಿ ಇನ್ನೊಂದು ಕಡೆ ಕಡಿದು ನೋಡಿದ. ‘ಅಪ್ಪ...’ ಎಂದ. ಅದೂ ಆಗಲಿಲ್ಲ. ಜಗುಲಿಯ ಕೆಳಗೆ ಇಬ್ಬರು ಮೂವರು ಒಕ್ಕಲಿನವರು ಕೂತಿದ್ದರು. ಪಟೇಲ ತಮ್ಮ ಕಣ್ಣೆದುರಿಗೇ ಮೊರದೊಳಗಿನ ಕೂಸನ್ನು ಅಪ್ಪಾ ಎಂದು ಕರೆದದ್ದನ್ನು ಅವರು ಕೇಳಿಸಿಕೊಂಡರು. ಕೇಳಿಸದವರ ಹಾಗೆ ನೆಲ ನೋಡಿದರು.

‘ಯಾರೇ ಹೇಳ್ಕೊಟ್ಟೋರು ನಿಂಗೆ?’

‘ಯಾರೂ ಇಲ್ಲ ಬುದ್ಧಿ. ನಿಮ್ ಬಾಯಿಂದ್ಲೇ ಕೇಳಿದ್ದು. ಯುಗಾದೀಲಿ ಬಂದ ಸಾವ್ಕಾರ್ರನ್ನ ನೀವೇ ಕರೀತಿದ್ರಲ್ಲ.’

ಪಟೇಲ ಎದ್ದು ನಿಂತ. ಅವನ ಕುತ್ತಿಗೆ ಕೆಂಪಾಗಿತ್ತು. ‘ಎಲಾ ಇವಳಾ! ನಾನು, ಈ ಊರಿನ ಪಟೇಲ, ನಿನ್ ಹೊಟ್ಟೇಲಿ ಹುಟ್ಟಿದ್ದನ್ನ ಅಪ್ಪಾ ಅನ್ಬೇಕಾ? ಅಯ್ಯಾ ಅನ್ಬೇಕಾ? ನಾಳೆ ಇವನು ಕೊಟ್ಟಿಗೆಗೆ ಬಂದಾಗ ಅಣ್ಣಾ, ಸಗಣಿ ಬಾಚಣ್ಣಾ ಅನ್ಬೇಕಾ?’

ನಿಜ ಹೇಳಬೇಕೆಂದರೆ ಸೊಣ್ಣಮ್ಮನಿಗೆ ಅದೇ ಬೇಕಾಗಿತ್ತು.

‘ನಾಡಿದ್ದು ಸೋಮವಾರ, ಕೇರಿಯೋರೆಲ್ಲ ಬರ್ಲಿ’ ಎಂದ ಪಟೇಲ. ‘ಎರಡು ನುಂಗ್ಕೊಂಡಿದೀಯಲ್ಲ? ಪದ್ಧತಿ ಪ್ರಕಾರ ನನ್ ತಿಪ್ಪೆ ಮೇಲೆ ಇದನ್ನ ಹೊಳ್ಳಿಸಿ ತಿಪ್ಪ ಅಂತ ಎಲ್ರ ಎದುರಿಗೆ ಕರೀಬೇಕು. ಇಲ್ದಿದ್ರೆ ರಾಗಿ ಹೊಲದ ಕಳೆಗೆ ಅರಿಶಿನಕುಂಟೆ ಕಡೆಯಿಂದ ಆಳು ಕರೆಸ್ತೀನಿ. ನಿಮ್ ಕೇರಿ ಪೂರ್ತಾ ಮಣ್ಣು ತಿನ್ಲಿ.’

ಹೆತ್ತವಳ ಮುದ್ದನ್ನು ಕಿತ್ತು ಅವನು ತುಳಿಯುವ ಮೆಟ್ಟು ಮಾಡಿಕೊಂಡ. ನೋಡಿ, ಇವರಿಗೆ ಪದ್ಧತಿ ನೆನಪಾಗುವುದೇ ಹೀಗೆ.

ಅವತ್ತು ಸಂಜೆ ಕೇರಿಯ ಯಜಮಾನ ಸೊಣ್ಣಮ್ಮನ ಗುಡಿಸಲಿಗೆ ಬಂದ. ಅವನೇ ಮುನಿವೆಂಕಟಪ್ಪ. ಈ ಪಟೇಲನ ಅಪ್ಪನ ಕಾಲದಲ್ಲೇ ಮುನಿಗನಾಗಿ ಅರವತ್ತು ದಾಟಿದವನು. ಬಾಗಿಲಲ್ಲಿ ಕುಕ್ಕರುಗಾಲಲ್ಲಿ ಕೂತ.

‘ಹೆಸ್ರು ಹೊಟ್ಟೆ ತುಂಬಿಸ್ತದಾ ಮಗಾ? ಮೂವತ್ತು ಒಲೆ ಅವೆ ಕೇರೀಲಿ. ಕಳೆ ಕೆಲಸ ತಪ್ಪಿದ್ರೆ ಹೈಕಳು ಏನ್ ತಿಂತವೆ? ನಿನ್ ಕೂಸು ನಿನಗೆ ಅಪ್ಪಯ್ಯಣ್ಣ. ಅಲ್ಲಿ ಒಂದ್ಸಲ ತಿಪ್ಪ ಅಂದ್ಬಿಡು. ನಂಗೂ ಮುನಿಗ ಅಂತಾರೆ, ನಾನೇನ್ ಸತ್ತೋದ್ನಾ?’

‘ನಿನ್ ಪೂರ್ತಿ ಹೆಸ್ರೇನು ದೊಡ್ಡಪ್ಪ?’ ಎಂದಳು ಸೊಣ್ಣಮ್ಮ.

‘ಮುನಿವೆಂಕಟಪ್ಪ.’

‘ಕೊನೆಗೆ ಅದನ್ನ ಕರೆದೋರು ಯಾರು?’

ಅವನು ಯೋಚಿಸಿದ. ತುಂಬ ಹೊತ್ತು ಯೋಚಿಸಿದ. ಆಮೇಲೆ ಸಿಟ್ಟು ಬಂದು ಎದ್ದ. ‘ಹಾಳಾಗೋಗು. ನಿನ್ನಿಂದ ಕೇರಿ ಹಾಳಾಯ್ತದೆ’ ಎಂದು ಬೈದುಕೊಂಡು ಹೋದ. ಸೊಣ್ಣಮ್ಮನಿಗೆ ಅವನ ಮೇಲೆ ಕೋಪ ಬರಲಿಲ್ಲ. ಅವನು ಹೇಳಿದ ಒಲೆಗಳು ನಿಜವಾಗಿದ್ದವು. ರಾತ್ರಿಯೆಲ್ಲ ಅವಳು ತಿಪ್ಪ ಎಂಬ ಮಾತನ್ನು ಬಾಯಿಗೆ ತಂದುಕೊಳ್ಳಲು ನೋಡಿದಳು. ಅದು ನಾಲಿಗೆಯ ತುದಿಗೆ ಬಂದಾಗಲೆಲ್ಲ ಮರದ ಬುಡದಲ್ಲಿ ಬಿದ್ದ ಗಂಡನೇ ಕಾಣುತ್ತಿದ್ದ.

ಸೋಮವಾರ ಸೋನೆ ಮಳೆ ಹಿಡಿದಿತ್ತು. ಪಟೇಲನ ಕೊಟ್ಟಿಗೆಯ ಹಿಂದೆ ತಿಪ್ಪೆ. ಒಂದು ಕಡೆ ಊರು ನಿಂತಿತ್ತು, ಇನ್ನೊಂದು ಕಡೆ, ತುಸು ದೂರದಲ್ಲಿ, ಕೇರಿ. ತಿಪ್ಪೆ ನೆನೆದು ಹಬೆಯಾಡುತ್ತಿತ್ತು. ಸೊಣ್ಣಮ್ಮ ಮೊರ ಹಿಡಿದು ಬಂದಳು. ಕೇರಿಯ ಹೆಂಗಸರು ಅವಳ ಮುಖ ನೋಡಲಿಲ್ಲ. ನಾಳೆಯ ರಾಗಿ ಅವಳ ಬಾಯಲ್ಲಿತ್ತಲ್ಲ.

‘ಊಂ, ಹೊಳ್ಳಿಸು’ ಎಂದ ಪಟೇಲ. ಅವನ ತಲೆಯ ಮೇಲೆ ಓಲೆಯ ಕೊಡೆಯಿತ್ತು.

ಸೊಣ್ಣಮ್ಮ ತಿಪ್ಪೆಯ ಬುಡಕ್ಕೆ ಹೋದಳು. ಒಂದು ಹಿಡಿ ಸಗಣಿ ಎತ್ತಿದಳು. ಊರು ಉಸಿರು ಬಿಟ್ಟಿತು, ಒಪ್ಪಿದಳು ಎಂದುಕೊಂಡು. ಅವಳು ಆ ಹಿಡಿಯನ್ನು ಪಟೇಲನ ಕಡೆಗೆ ಚಾಚಿದಳು.

‘ಇದು ಯಾರ ಮನೇದು ಬುದ್ಧಿ?’

‘ಏನೇ?’

‘ಈ ಸಗಣಿ ನಿಮ್ ಎತ್ತಿಂದು. ಈ ಬೂದಿ ನಿಮ್ ಒಲೇದು. ಈ ಎಂಜಲೆಲೆ ನಿಮ್ ಪಂಕ್ತೀದು. ನಂದೇನೈತೆ ಇದ್ರಲ್ಲಿ? ನಾನು ಹೊತ್ತು ಹಾಕಿದೋಳು ಅಷ್ಟೆ. ದಿನಾ ಮಂಕರಿ ಹೊತ್ತು ನೆತ್ತಿ ಕೂದಲು ಉದುರೋಗೈತೆ ನೋಡಿ. ನನ್ ಮನೆ ಮುಂದೆ ತಿಪ್ಪೆ ಇಲ್ಲ, ತಿಪ್ಪೆ ಹಾಕೋವಷ್ಟು ಬದುಕು ನಂಗಿಲ್ಲ. ತಿಪ್ಪೆ ನಿಮ್ದು, ತಿಪ್ಪ ಅನ್ನೋ ಹೆಸ್ರೂ ನಿಮ್ ಮನೇದೇ. ಮೊಮ್ಮಕ್ಕಳು ಹುಟ್ತವಲ್ಲ, ಇಟ್ಕೊಳ್ಳಿ.’

ಎಲ್ಲೋ ಒಂದು ಎಮ್ಮೆ ಕೂಗಿತು. ಬೈಯಲು ಹೋದರೆ ಪಟೇಲನ ಬಾಯಿಗೆ ಮೊದಲು ಬರುತ್ತಿದ್ದುದು ತಿಪ್ಪೆಯೇ, ಅದು ಈಗ ಅವನದಾಗಿತ್ತು.

‘ಕೇಳ್ರೋ ಎಲ್ಲಾ!’ ಎಂದು ಕೊನೆಗೆ ಅರಚಿದ. ‘ಇದಕ್ಕೆ ಹೆಸ್ರೇ ಇಲ್ಲ. ಅವಳು ಇಟ್ಟಿರೋ ಹೆಸ್ರು ಈ ಊರಲ್ಲಿ ಯಾರ್ ಬಾಯಲ್ಲೂ ಬರ್ಕೂಡ್ದು. ನಾನಂತೂ ಸತ್ರೂ ಆ ಹೆಸ್ರು ಹೇಳೋನಲ್ಲ!’

ಸೊಣ್ಣಮ್ಮ ಕೈ ಕೊಡವಿಕೊಂಡಳು. ಸೆರಗಿಗೆ ಒರೆಸಿಕೊಂಡು ಮೊರವನ್ನು ಎದೆಗೆ ಎತ್ತಿಕೊಂಡಳು.

‘ನೀವು ಹೇಳ್ಬೇಡಿ ಬುದ್ಧಿ’ ಎಂದಳು. ‘ಸೊಸೆ ಆದೋಳು ಮಾವನ ಹೆಸ್ರು ಹೇಳ್ಬಾರ್ದು.’

ಪಟೇಲನ ಹಿಂಬಾಗಿಲಲ್ಲಿ ಅವನ ಸೊಸೆ ಲಕ್ಷ್ಮೀದೇವಮ್ಮ ನಿಂತಿದ್ದಳು. ಅವಳು ಮಾವನ ಹೆಸರನ್ನು ಈ ಜನ್ಮದಲ್ಲಿ ನಾಲಿಗೆಗೆ ತಂದವಳಲ್ಲ. ಯಾರಾದರೂ ಕೇಳಿದರೆ ಬಾಯಿ ಮುಚ್ಚಿಕೊಂಡು ತಿರುಪತಿಯ ದಿಕ್ಕು ತೋರಿಸುತ್ತಿದ್ದವಳು. ಈಗ ಸೆರಗನ್ನು ಬಾಯಿಗೆ ತುರುಕಿಕೊಂಡಳು. ತಡವಾಗಿತ್ತು. ನಗು ಅಂಗಳಕ್ಕೆ ಬಂದುಬಿಟ್ಟಿತ್ತು. ಆ ನಗು ಊರಿನ ಹೆಂಗಸರ ಸಾಲಿಗೆ ಹೊತ್ತಿಕೊಂಡಿತು. ಗಂಡಸರು ಕೆಮ್ಮಿದರು.

ಪಟೇಲ ಬಾರುಕೋಲನ್ನು ಕೇರಿಯ ಕಡೆಗೆ ಎಸೆದ. ತಾನೇ ಹೊಡೆದರೆ ಮೈಲಿಗೆ. ‘ಮುನಿಗಾ! ಹೊಡಿಯಲಾ ಅವಳಿಗೆ! ಹೊಡೆದು ಅವಳ ಗುಡಿಸ್ಲು ಕಿತ್ತಾಕ್ರೋ! ಹೊತ್ತು ಮುಳುಗೋದ್ರೊಳಗೆ ಅವಳು ಈ ಊರಲ್ಲಿ ಇರ್ಕೂಡ್ದು!’

ಮುನಿವೆಂಕಟಪ್ಪ ಬಾರುಕೋಲು ಎತ್ತಿಕೊಂಡ. ಹೊಡೆದ. ಇದನ್ನು ಮುಚ್ಚಿಡುವ ಹಾಗಿಲ್ಲ, ಹೊಡೆದ. ಬೆನ್ನಿನ ಮೇಲೆ, ಕೂಸಿಗೆ ತಾಗದ ಹಾಗೆ. ಸೊಣ್ಣಮ್ಮ ಮುಗ್ಗರಿಸಿದಳು, ಬೀಳಲಿಲ್ಲ. ತಿರುಗಿ ಅವನನ್ನು ನೋಡಲೂ ಇಲ್ಲ, ಕೇರಿಯ ಕಡೆ ನಡೆದಳು. ಹಿಂದೆ ಕೇರಿಯ ಗಂಡಸರು, ಅವರ ಹಿಂದೆ ಕೊಡೆ ಹಿಡಿಸಿಕೊಂಡು ಪಟೇಲ. ಕೇರಿಯೊಳಗೆ ಅವನು ಕಾಲಿಡಲಿಲ್ಲ, ಮೈಲಿಗೆ. ಕೇರಿಯ ಬಾಯಲ್ಲಿದ್ದ ಹೊಂಗೆ ಮರದ ಕೆಳಗೆ ನಿಂತುಕೊಂಡ, ಕೆಲಸ ಸರಿಯಾಗಿ ಆಗುತ್ತದೆಯೋ ಇಲ್ಲವೋ ನೋಡಬೇಕಲ್ಲ.

ಸೊಣ್ಣಮ್ಮ ಒಳಗಿದ್ದ ಒಂದು ಮಡಕೆ, ಒಂದು ಮುದ್ದೆ ಕೋಲು, ಗಂಡನ ಕಂಬಳಿ ಹೊರಗಿಟ್ಟಳು. ಅಷ್ಟೇ ಅವಳ ಬದುಕು. ಗಂಡಸರು ಸೂರಿನ ಹುಲ್ಲು ಕಿತ್ತರು. ಗಳ ಮುರಿದರು. ಹೋದ ವರ್ಷ ರಾಮಾಂಜಿನಪ್ಪನ ಜೊತೆ ಕೂತು ಆ ಗಳ ಕಟ್ಟಿದವರು ಅವರೇ. ಯಾರೂ ಒಬ್ಬರ ಮುಖ ಒಬ್ಬರು ನೋಡಲಿಲ್ಲ. ಸೊಣ್ಣಮ್ಮ ಕೂಸನ್ನು ಮಡಿಲಲ್ಲಿಟ್ಟುಕೊಂಡು ಮಳೆಯಲ್ಲಿ ಕೂತಿದ್ದಳು. ಯಲಹಂಕದ ಬಯಲಲ್ಲಿ ವಿಮಾನ ಇಳಿಯಲು ನೆಲ ಸಮ ಮಾಡುತ್ತಾರಂತೆ, ಹೆಂಗಸರನ್ನೂ ಮಣ್ಣು ಹೊರಲು ತಗೊಳ್ಳುತ್ತಾರಂತೆ ಎಂದು ಕೇಳಿದ್ದಳು. ಹಸಿ ಬಾಣಂತಿ ಅಷ್ಟು ದೂರ ನಡೆಯುವುದು ಹೇಗೆ ಎಂಬುದೇ ಅವಳ ಚಿಂತೆ. ಬೆನ್ನು ಉರಿಯುತ್ತಿತ್ತು. ಕೂಸು ಅಳತೊಡಗಿತು.

ಮುನಿವೆಂಕಟಪ್ಪ ನಡುಗಂಬಕ್ಕೆ ಕೈ ಹಾಕಿದ್ದವನು ನಿಂತ. ಅಳುವ ಕೂಸನ್ನು ನೋಡಿದ. ಕಂಬ ಬಿಟ್ಟು ಅವಳ ಬಳಿಗೆ ಬಂದ. ತನ್ನ ತಲೆಯ ಮೇಲಿದ್ದ ಗೋಣಿ ತೆಗೆದು ಅವಳಿಗೆ ಕೊಟ್ಟ.

‘ಮಳೆ ಜೋರಾಯ್ತಾ ಐತೆ’ ಎಂದ. ‘ಅಪ್ಪಯ್ಯಣ್ಣನ ನೆತ್ತಿ ನೆನೀತದೆ. ನಮ್ ಗುಡಿಸ್ಲಿಗೆ ಎತ್ಕೊಂಡು ಹೋಗವ್ವ.’

ಹುಲ್ಲು ಕೀಳುತ್ತಿದ್ದವರ ಕೈ ನಿಂತಿತು.

‘ಏನಂದೆ ಮುನಿಗಾ?’ ಎಂದು ಪಟೇಲ ಹೊಂಗೆ ಮರದಿಂದ ಕೂಗಿದ.

ಮುನಿವೆಂಕಟಪ್ಪ ತಿರುಗಿದ. ಹೆದರಿಕೆಯಿಂದ ಅವನ ಗಡ್ಡ ಅಲುಗುತ್ತಿತ್ತು. ಆದರೂ ಈ ಸಲ ಕೇರಿಗೆಲ್ಲ ಕೇಳುವಂತೆ ಹೇಳಿದ. ‘ಅಪ್ಪಯ್ಯಣ್ಣನ ನೆತ್ತಿ ನೆನೀತದೆ ಅಂದೆ ಬುದ್ಧಿ. ಅಪ್ಪಯ್ಯಣ್ಣ ನಮ್ಮನೇಲಿ ಇರ್ತಾನೆ.’

‘ಹಾಗಾದ್ರೆ ನಿನ್ ಗುಡಿಸ್ಲೂ ಇರಾಕಿಲ್ಲ! ಕೀಳ್ರೋ ಇವನ್ದೂ!’

ಗಂಡಸರು ಅಲ್ಲಾಡಲಿಲ್ಲ. ಕೈಯಲ್ಲಿದ್ದ ಹುಲ್ಲನ್ನೇ ನೋಡುತ್ತಾ ನಿಂತರು. ಪಟೇಲ ಮತ್ತೆ ಕೂಗಿದ. ಮತ್ತೆ ಯಾರೂ ಅಲ್ಲಾಡಲಿಲ್ಲ.

ಮುನಿವೆಂಕಟಪ್ಪ ತನ್ನ ಗುಡಿಸಲಿಗೆ ನಡೆದ. ಸೂರಿನಿಂದ ಒಂದು ಹಿಡಿ ಹುಲ್ಲು ತಾನೇ ಕಿತ್ತ. ಅದನ್ನು ತಂದು ಕೇರಿಯ ಬಾಯಲ್ಲಿ, ಪಟೇಲನ ಕಾಲ ಬಳಿ ಬಿಸಾಡಿದ.

‘ಮಿಕ್ಕಿದ್ದು ನೀವೇ ಬಂದು ಕಿತ್ಕೊಳ್ಳಿ’ ಎಂದ.